ಚಾಲಗೇಣಿಯೋ, ಮೂಲಗೇಣಿಯೋ?

ಕಾಸರಗೋಡಿನ ಬದಿಯಡ್ಕ ಕಡೆಯ ನಿವೃತ್ತ ಅಧ್ಯಾಪಕರೊಬ್ಬರು ನಾಲ್ಕು ಪುಟದ ಪತ್ರ ಬರೆದಿದ್ದಾರೆ. ಕಾಗದದ ಎರಡೂ ಮಗ್ಗುಲಲ್ಲಿ, ಅಂಚು ಬಿಡದೆ, ಮುತ್ತಿನಂಥ ಅಕ್ಷರದಲ್ಲಿ. ಇಡೀ ಪತ್ರ ಹಾಕಲು ಜಾಗ ಇಲ್ಲ. ಮುಖ್ಯ ಭಾಗ ಇಷ್ಟು:

"ಕಳೆದ ಸಂಚಿಕೆಯಲ್ಲಿ ‘ನಮ್ಮೊಳಗಿನ ಸೂಕ್ಷ್ಮಜೀವಿಗಳು’ ಎಂಬ ಲೇಖನ ಓದಿದೆ. ಮೂವತ್ತೆರಡು ವರ್ಷ ಮಕ್ಕಳಿಗೆ ಕೈ ತೊಳೆಯಿರಿ, ನೀರು ಕುದಿಸಿ ಕುಡಿಯಿರಿ ಎಂದು ಹೇಳಿದವನು ನಾನು. ಈಗ ನೀವು ಬ್ಯಾಕ್ಟೀರಿಯಾ ನಮ್ಮ ಸ್ನೇಹಿತರು ಎಂದರೆ ನಾನು ಹೇಳಿದ್ದೆಲ್ಲ ಸುಳ್ಳೇ? ಕಳೆದ ಮಳೆಗಾಲ ನಮ್ಮ ಬೈಲಿನ ಇಬ್ಬರಿಗೆ ಇಲಿಜ್ವರ ಬಂತು. ಅವರ ಮುಂದೆ ಈ ಸ್ನೇಹದ ಕಥೆ ಹೇಳಬಹುದೇ? ಇನ್ನೊಂದು ಮಾತು. ಜೀವಕೋಶದ ಒಳಗೇ ಬ್ಯಾಕ್ಟೀರಿಯಾ ಹೊಕ್ಕು ಕುಳಿತರೆ ಅದಕ್ಕೆ ರೋಗ ಎನ್ನಬೇಕು. ಸಹಜೀವನ ಎಂಬ ಚಂದದ ಹೆಸರು ಯಾಕೆ?"

ಮಾಷ್ಟ್ರೇ, ಮೊದಲು ನಿಮ್ಮ ಪಾಲಿನ ನ್ಯಾಯ ಒಪ್ಪಿಸಿಬಿಡುತ್ತೇನೆ. ಕೈ ತೊಳೆಯಲೇಬೇಕು. ಕಾಲಿನಲ್ಲಿ ಗಾಯ ಇರುವಾಗ ತೋಟದ ಕೆಸರಿಗೆ ಇಳಿಯಬಾರದು. ಇಲಿಜ್ವರ ಬಂದವರಿಗೆ ಔಷಧ ಬೇಕು, ನಮ್ಮ ಲೇಖನ ಬೇಡ. ಜೊತೆಗೆ ಒಂದು ತಪ್ಪೊಪ್ಪಿಗೆ. ನಮ್ಮ ಮೈಯಲ್ಲಿ ನಮ್ಮದೇ ಕೋಶಗಳಿಗಿಂತ ಹತ್ತು ಪಾಲು ಬ್ಯಾಕ್ಟೀರಿಯಾ ಇದೆ ಎಂದು ಲೇಖನದಲ್ಲಿತ್ತು. ಅದು ಹಳೆಯ ಅಂದಾಜು. 2016ರಲ್ಲಿ ಸರಿಯಾಗಿ ಲೆಕ್ಕ ಹಾಕಿದವರು ಹೇಳಿದ್ದು ಸುಮಾರು 38 ಲಕ್ಷ ಕೋಟಿ ಬ್ಯಾಕ್ಟೀರಿಯಾ, 30 ಲಕ್ಷ ಕೋಟಿ ನಮ್ಮ ಕೋಶ. ಹೆಚ್ಚುಕಡಿಮೆ ಸಮಸಮ. ತಿದ್ದದೆ ಬಿಟ್ಟದ್ದು ಸಂಪಾದಕನಾದ ನನ್ನ ತಪ್ಪು, ಲೇಖಕರದ್ದಲ್ಲ.

ನಿಮ್ಮ ಕಡೆಗೆ ನಾನು ಕೊಡುವುದು ಇಷ್ಟೇ. ಇನ್ನು ಜಗಳ.

‘ಸ್ನೇಹಿತರು’ ಎಂಬ ಪದ ನನಗೂ ಹಿಡಿಸಲಿಲ್ಲ. ಆದರೆ ನೀವು ಅದರ ಜಾಗದಲ್ಲಿ ‘ಶತ್ರು’ ಎಂದು ಇಟ್ಟರೆ ಅದೂ ಹಿಡಿಸುವುದಿಲ್ಲ. 1878ರಲ್ಲಿ ಜರ್ಮನಿಯ ಸಸ್ಯವಿಜ್ಞಾನಿ ಆಂಟನ್ ಡಿ ಬಾರಿ ಸಹಜೀವನದ ಬಗ್ಗೆ ಮಾತಾಡಿದಾಗ ಅವರ ಮನಸ್ಸಿನಲ್ಲಿದ್ದದ್ದು ಬೇರೆ ಬೇರೆ ಜಾತಿಯ ಜೀವಿಗಳು ಒಟ್ಟಿಗೆ ಬದುಕುವುದು, ಅಷ್ಟೇ. ಒಬ್ಬರ ರಕ್ತ ಇನ್ನೊಬ್ಬರು ಹೀರಿದರೂ ಅವರ ಲೆಕ್ಕದಲ್ಲಿ ಅದು ಒಟ್ಟಿಗೆ ಬದುಕುವುದೇ. ಅದನ್ನು ಮದುವೆಯ ಆಶೀರ್ವಾದದ ಮಾತು ಮಾಡಿದ್ದು ನಾವು, ಆಮೇಲೆ. ನನ್ನನ್ನು ಕೇಳಿದರೆ ಇದಕ್ಕೆ ಸರಿಯಾದ ಮಾತು ನಮ್ಮೂರಿನ ಹಳೆಯ ಜಾಗದ ಕಾಗದಗಳಲ್ಲಿ ಇದೆ. ಚಾಲಗೇಣಿ ಮತ್ತು ಮೂಲಗೇಣಿ. ಧಣಿಯ ಗದ್ದೆ ಮಾಡುವ ಒಕ್ಕಲು ಅದಕ್ಕೆ ಕೊಡುವ ಪಾಲೇ ಗೇಣಿ. 1970ರ ಜನವರಿ 1ರಿಂದ ಕೇರಳದಲ್ಲಿ ಗೇಣಿ ಇಲ್ಲವಾಯಿತು, ಹಾಗಾಗಿ ಈಗಿನ ಮಕ್ಕಳಿಗೆ ಈ ಪದ ಗೊತ್ತಿಲ್ಲ. ನಿಮಗೆ ಗೊತ್ತು. ಧಣಿಗೆ ಬೇಡ ಅನ್ನಿಸಿದರೆ ಬಿಡಿಸಬಹುದಾದದ್ದು ಚಾಲಗೇಣಿ. ತಲೆಮಾರಿನಿಂದ ತಲೆಮಾರಿಗೆ ಕೂತಲ್ಲೇ ಕೂರುವುದು ಮೂಲಗೇಣಿ.

ಒಂದು ಕಥೆ ಹೇಳುತ್ತೇನೆ, ನನ್ನದೇ ದಡ್ಡತನದ್ದು. ಹದಿನೈದು ವರ್ಷದ ಹಿಂದೆ ಮನೆಯ ಮಜಲುಗದ್ದೆಯಲ್ಲಿ ಅಲಸಂಡೆ ಹಾಕಿದ್ದೆ. ಒಂದು ಗಿಡ ಕಿತ್ತು ನೋಡಿದರೆ ಬೇರಿನ ತುಂಬ ಗಂಟು! ಹೆದರಿ ಪೇಟೆಯ ಒಂದು ಔಷಧದ ಅಂಗಡಿಗೆ ಓಡಿದೆ. ಅಂಗಡಿಯವರು ಗಿಡ ನೋಡಲಿಲ್ಲ. "ಗಂಟುರೋಗ" ಎಂದು ಒಂದು ಪೊಟ್ಟಣ ಹರಳು ಕೊಟ್ಟರು. ತಂದು ಇಡೀ ಸಾಲಿಗೆ ಸುರಿದೆ. ಸಂಜೆ ನಮ್ಮಲ್ಲಿ ಕೆಲಸಕ್ಕೆ ಬರುತ್ತಿದ್ದ ಹಿರಿಯ ಹೆಂಗಸು ಬಂದು ನೋಡಿ ತುಳುವಿನಲ್ಲಿ ಚೆನ್ನಾಗಿ ಬೈದರು. ರೋಗದ ಗಂಟು ಆದರೆ ಬೇರು ತಾನೇ ಊದಿಕೊಳ್ಳುತ್ತದೆ, ಕಿತ್ತರೆ ಬರುವುದಿಲ್ಲ. ಇದು ಬೇರಿನ ಬದಿಗೆ ಮಣಿಯ ಹಾಗೆ ಅಂಟಿಕೊಂಡಿದೆ, ಉಗುರಿನಲ್ಲಿ ಎತ್ತಿದರೆ ಬರುತ್ತದೆ. ಅವರು ಒಂದನ್ನು ಎತ್ತಿ, ಉಗುರಿನಲ್ಲೇ ಸೀಳಿ, ನನ್ನ ಮುಖದ ಮುಂದೆ ಹಿಡಿದರು. ಒಳಗೆ ಕೆಂಪಗೆ, ಥೇಟ್ ರಕ್ತದ ಹಾಗೆ.

ಬಿಎಸ್ಸಿ ಓದಿದವನು ನಾನು. ಶಾಲೆಯ ಮೆಟ್ಟಿಲು ಹತ್ತದವರು ಅವರು. ಪಾಠ ಯಾರು ಯಾರಿಗೆ ಮಾಡಿದರು ನೋಡಿ.

ಆ ಕೆಂಪಿನ ಹೆಸರು ಲೆಗ್‌ಹಿಮೊಗ್ಲೋಬಿನ್. ನಮ್ಮ ರಕ್ತದ ಹಿಮೊಗ್ಲೋಬಿನ್ನಿನ ದಾಯಾದಿ. ಅಲಸಂಡೆಯ ಬೇರಿನಲ್ಲಿ ಅದಕ್ಕೆ ಏನು ಕೆಲಸ? ಗಾಳಿಯಲ್ಲಿ ನೂರಕ್ಕೆ 78 ಪಾಲು ಸಾರಜನಕ ಇದ್ದರೂ ಗಿಡಕ್ಕೆ ಅದನ್ನು ನೇರವಾಗಿ ಬಳಸಲು ಬರುವುದಿಲ್ಲ. ಬಳಸಬಲ್ಲದ್ದು ರೈಜೋಬಿಯಂ ಗುಂಪಿನ ಬ್ಯಾಕ್ಟೀರಿಯಾ. ಬೇರು ಮಣ್ಣಿಗೆ ಒಂದು ರಾಸಾಯನಿಕ ಬಿಡುತ್ತದೆ, ಗದ್ದೆ ಖಾಲಿ ಇದೆ ಎಂದು ಸುದ್ದಿ ಕಳಿಸಿದ ಹಾಗೆ. ಬ್ಯಾಕ್ಟೀರಿಯಾ ಇನ್ನೊಂದು ರಾಸಾಯನಿಕದಲ್ಲಿ ಉತ್ತರ ಕೊಡುತ್ತದೆ. ಗುರುತು ತಾಳೆಯಾದರೆ ಬೇರಿನ ರೋಮ ಸುರುಟಿಕೊಂಡು ಅದನ್ನು ಹಿಡಿಯುತ್ತದೆ, ಸಣ್ಣ ಕೊಳವೆ ಕಟ್ಟಿ ಒಳಗಿನ ಕೋಶದವರೆಗೆ ಕರೆದುಕೊಂಡು ಹೋಗುತ್ತದೆ. ಅಲ್ಲಿಯೂ ಪೂರ್ತಿ ಸಲುಗೆ ಇಲ್ಲ. ಗಿಡ ತನ್ನದೇ ಪೊರೆಯನ್ನು ಬ್ಯಾಕ್ಟೀರಿಯಾದ ಸುತ್ತ ಸುತ್ತಿ ಕೂರಿಸುತ್ತದೆ. ಚಾವಡಿಯವರೆಗೆ ಬಾ, ಅಡುಗೆಮನೆಗೆ ಬೇಡ ಎಂದ ಹಾಗೆ. ಇನ್ನೊಂದು ತೊಡಕು ಇದೆ. ಸಾರಜನಕ ಹಿಡಿಯುವ ಯಂತ್ರ ಆಮ್ಲಜನಕ ತಾಗಿದರೆ ಕೆಡುತ್ತದೆ, ಆದರೆ ಬ್ಯಾಕ್ಟೀರಿಯಾಕ್ಕೆ ಉಸಿರಾಡಲು ಆಮ್ಲಜನಕವೇ ಬೇಕು. ಆ ಕೆಂಪು ವಸ್ತು ಮಾಡುವುದು ರೇಷನ್ ಅಂಗಡಿಯ ಕೆಲಸ. ಆಮ್ಲಜನಕವನ್ನು ಹಿಡಿದಿಟ್ಟುಕೊಂಡು ಬೇಕಾದಷ್ಟೇ ಅಳೆದು ಕೊಡುತ್ತದೆ.

ಹಾಗಾದರೆ ಗೇಣಿ ಕೊಡದ ಒಕ್ಕಲಿಗೆ ಏನಾಗುತ್ತದೆ? ಇದನ್ನು 2003ರಲ್ಲಿ ಸೋಯಾ ಗಿಡದಲ್ಲಿ ನೋಡಿದರು. ಗಂಟಿನ ಸುತ್ತ ಸಾರಜನಕದ ಬದಲು ಆರ್ಗಾನ್ ಅನಿಲ ತುಂಬಿಸಿದರು. ಪಾಪ, ಬ್ಯಾಕ್ಟೀರಿಯಾ ದುಡಿಯಬೇಕೆಂದರೂ ದುಡಿಯಲಾಗದ ಸ್ಥಿತಿ. ಗಿಡ ಅದನ್ನೆಲ್ಲ ಕೇಳಲಿಲ್ಲ. ಆ ಗಂಟಿಗೆ ಆಮ್ಲಜನಕ ಹೋಗುವುದನ್ನು ಕಡಿಮೆ ಮಾಡಿತು, ಒಳಗಿದ್ದವರ ಸಂತತಿ ಕುಗ್ಗಿತು. ಜಾಗ ಬಿಡಿಸಲಿಲ್ಲ, ಬಾವಿಯ ಹಗ್ಗ ಎಳೆದುಕೊಂಡಿತು ಅನ್ನಿ. ಇದರಲ್ಲಿ ನಿಮಗೆ ಸ್ನೇಹ ಕಂಡಿತೇ? ಯುದ್ಧವಾದರೂ ಕಂಡಿತೇ? ಬೆಳೆ ಮುಗಿದ ಮೇಲೆ ಗಂಟು ಕೊಳೆತು ಬ್ಯಾಕ್ಟೀರಿಯಾ ಮಣ್ಣಿಗೆ ಮರಳುತ್ತದೆ. ಮುಂದಿನ ವರ್ಷ ಹೊಸ ಬೀಜ, ಹೊಸ ಗೇಣಿಚೀಟು. ಇದು ಚಾಲಗೇಣಿ. ಸುಗ್ಗಿ ಕಳೆದ ಗದ್ದೆಗೆ ಉದ್ದು, ಹುರುಳಿ ಎರಚುತ್ತಿದ್ದ ನಮ್ಮ ಅಜ್ಜಂದಿರಿಗೆ ಬ್ಯಾಕ್ಟೀರಿಯಾ ಗೊತ್ತಿರಲಿಲ್ಲ, ಆದರೆ ಏಣಿಲಿಗೆ, ಅಂದರೆ ಮಳೆಗಾಲದ ಬೆಳೆಗೆ, ಆ ಗದ್ದೆ ಹೇಗೆ ಬರುತ್ತದೆಂದು ಗೊತ್ತಿತ್ತು. ಯೂರಿಯಾ ಜಾಸ್ತಿ ಹಾಕಿದರೆ ಗಿಡ ಗಂಟು ಕಟ್ಟುವುದನ್ನೇ ಕಡಿಮೆ ಮಾಡುತ್ತದೆ. ಪುಕ್ಕಟೆ ಅಕ್ಕಿ ಸಿಕ್ಕುವಾಗ ಗೇಣಿಗೆ ಗದ್ದೆ ಕೊಡುವವರು ಯಾರು?

ಅದೇ ಬಳ್ಳಿಯ ಕುಡಿ ನೋಡಿ. ಕಪ್ಪಗೆ ಸಸ್ಯಹೇನು ಮುತ್ತಿರುತ್ತದೆ, ನಾವು ಬೂದಿ ಎರಚುತ್ತೇವೆ. ಆ ಹೇನಿನ ಹೊಟ್ಟೆಯಲ್ಲಿ ಕೆಲವು ಕೋಶಗಳು ಇರುವುದೇ ಬಕ್ನೆರಾ ಎಂಬ ಬ್ಯಾಕ್ಟೀರಿಯಾವನ್ನು ಇಟ್ಟುಕೊಳ್ಳಲಿಕ್ಕೆ. ಗಿಡದ ರಸ ಬರೀ ಸಕ್ಕರೆ ನೀರು. ಅದರಲ್ಲಿ ಇಲ್ಲದ ಅಮೈನೊ ಆಮ್ಲಗಳನ್ನು ಬಕ್ನೆರಾ ತಯಾರಿಸಿ ಕೊಡುತ್ತದೆ. ತಾಯಿ ಹೇನಿನಿಂದ ಮರಿಗೆ, ಮರಿಯಿಂದ ಅದರ ಮರಿಗೆ, ಹತ್ತು ಕೋಟಿಗೂ ಹೆಚ್ಚು ವರ್ಷಗಳಿಂದ ಹೀಗೇ. 2000ದಲ್ಲಿ ಅದರ ಜೀನುಗಳನ್ನು ಪೂರ್ತಿ ಓದಿದಾಗ ಕಂಡದ್ದು, ನಮ್ಮ ಕರುಳಿನ ಬ್ಯಾಕ್ಟೀರಿಯಾ ಇ. ಕೋಲಿಯ ಡಿಎನ್‌ಎಗೆ ಹೋಲಿಸಿದರೆ ಏಳನೇ ಒಂದು ಪಾಲು ಮಾತ್ರ ಉಳಿದಿದೆ. ಹೊರಗೆ ಹೋಗಿ ಬದುಕುವ ದಾರಿ ಅದಕ್ಕೆ ಇನ್ನಿಲ್ಲ. ಇದು ಮೂಲಗೇಣಿ.

ನಿಮ್ಮ ದೊಡ್ಡ ಪ್ರಶ್ನೆಗೆ ಈಗ ಬರುತ್ತೇನೆ. ಒಳಗೆ ಹೊಕ್ಕರೆ ಅದು ರೋಗ ಅಲ್ಲವೇ? ಹೌದು ಮಾಷ್ಟ್ರೇ, ಎಷ್ಟೋ ಸಲ ಶುರುವಾಗುವುದು ಹಾಗೆಯೇ. 1966ರಲ್ಲಿ ಅಮೆರಿಕದಲ್ಲಿ ಕ್ವಾಂಗ್ ಜಿಯೋನ್ ಎಂಬ ವಿಜ್ಞಾನಿ ಸಾಕಿದ್ದ ಅಮೀಬಾಗಳಿಗೆ ಒಂದು ಬ್ಯಾಕ್ಟೀರಿಯಾ ಹೊಕ್ಕಿತು. ಒಂದೊಂದು ಅಮೀಬಾದಲ್ಲಿ ಹತ್ತಾರು ಸಾವಿರ. ಹೆಚ್ಚಿನವು ಸತ್ತವು. ಬೇರೆಯವರಾದರೆ ತೊಳೆದು ಚೆಲ್ಲುತ್ತಿದ್ದರು. ಇವರು ಉಳಿದ ಕೆಲವನ್ನು ವರ್ಷಗಟ್ಟಲೆ ಸಾಕಿದರು. ಆಮೇಲೆ ಆ ಅಮೀಬಾದ ಕೋಶಕೇಂದ್ರವನ್ನು ತೆಗೆದು, ಬ್ಯಾಕ್ಟೀರಿಯಾ ಇಲ್ಲದ ಅಮೀಬಾದಲ್ಲಿ ಇಟ್ಟರೆ ಬದುಕಲೇ ಇಲ್ಲ. ಕೊಲ್ಲಲು ಬಂದದ್ದನ್ನು ಬಿಟ್ಟು ಇರಲಾಗದ ಹಾಗೆ ಆಗಿಬಿಟ್ಟಿತ್ತು. ಒಂದೇ ಪ್ರಯೋಗಶಾಲೆಯಲ್ಲಿ, ಒಬ್ಬನೇ ಮನುಷ್ಯನ ಕಣ್ಣೆದುರು! ನನಗೆ ಇದನ್ನು ಓದಿದ ರಾತ್ರಿ ನಿದ್ದೆ ಬರಲಿಲ್ಲ.

ನಮ್ಮ ಕೋಶಗಳಲ್ಲೂ ಇಂಥದೇ ಹಳೆಯ ಕಥೆ ಇದೆ. ನೀವು ಪತ್ರ ಬರೆದ ಕೈಗೆ ಶಕ್ತಿ ಕೊಟ್ಟದ್ದು ಮೈಟೊಕಾಂಡ್ರಿಯ, ಕೋಶದೊಳಗಿನ ಸಣ್ಣ ಶಕ್ತಿಯಂತ್ರ. ನೂರೈವತ್ತು ಕೋಟಿ ವರ್ಷಕ್ಕೂ ಹಿಂದೆ ಅದು ಹೊರಗಿನ ಬ್ಯಾಕ್ಟೀರಿಯಾ. ಈಗಲೂ ಅದಕ್ಕೆ ತನ್ನದೇ ಡಿಎನ್‌ಎ ಇದೆ, ಬ್ಯಾಕ್ಟೀರಿಯಾದಂತೆಯೇ ಎರಡಾಗಿ ಒಡೆಯುತ್ತದೆ. ಆದರೆ ಕೈಯಲ್ಲಿ ಉಳಿದದ್ದು 37 ಜೀನು ಮಾತ್ರ. ಬಾಕಿ ದಾಖಲೆಯಲ್ಲಿ ಹೆಚ್ಚಿನದು ಕಳೆದುಹೋಯಿತು, ಉಳಿದದ್ದು ಕೋಶಕೇಂದ್ರಕ್ಕೆ, ಅಂದರೆ ಧಣಿಯ ಪೆಟ್ಟಿಗೆಗೆ ಸೇರಿತು. ಅದು ಬರುವುದು ತಾಯಿಯಿಂದ ಮಾತ್ರ, ಅಪ್ಪನ ಪಾಲು ಇಲ್ಲ. ಶುದ್ಧ ಅಳಿಯಸಂತಾನ! ಕೇರಳ ಸರಕಾರ 1975ರಲ್ಲಿ ಕಾನೂನು ಮಾಡಿ ಅಳಿಯಸಂತಾನ ಕಟ್ಟನ್ನು ತೆಗೆಯಿತು. ನಮ್ಮ ಕೋಶಗಳಿಗೆ ಆ ಕಾನೂನು ಇನ್ನೂ ತಲುಪಿಲ್ಲ.

ಇದನ್ನು ಬಿಡದೆ ಹೇಳಿದವರು ಅಮೆರಿಕದ ಜೀವವಿಜ್ಞಾನಿ ಲಿನ್ ಮಾರ್ಗುಲಿಸ್. ಅವರ ಲೇಖನವನ್ನು ಸುಮಾರು ಹದಿನೈದು ಪತ್ರಿಕೆಗಳು ತಿರಸ್ಕರಿಸಿದವು. (ಸಂಪಾದಕರ ಜಾತಿಯೇ ಹಾಗೆ.) ಕೊನೆಗೆ 1967ರಲ್ಲಿ ಅಚ್ಚಾಯಿತು, ಮುಂದಿನ ಒಂದೆರಡು ದಶಕದಲ್ಲಿ ಪಾಠಪುಸ್ತಕಕ್ಕೂ ಬಂತು. ಅದೇ 1967ರಲ್ಲಿ ಗಡಿ ವಿವಾದದ ಮಹಾಜನ ಆಯೋಗ ಚಂದ್ರಗಿರಿ ಹೊಳೆಯಿಂದ ಬಡಗಿನ ಕಾಸರಗೋಡು ಮೈಸೂರು ರಾಜ್ಯಕ್ಕೆ ಸೇರಬೇಕೆಂದು ಬರೆಯಿತು. ಯಾವುದಕ್ಕೆ ಏನಾಯಿತು ಎಂದು ನಿಮಗೆ ನಾನು ಹೇಳಬೇಕಾಗಿಲ್ಲ. ಇರಲಿ. ಮಾರ್ಗುಲಿಸ್ ಆಮೇಲೆ ಎಲ್ಲದರಲ್ಲೂ ಇದನ್ನೇ ಕಾಣಲು ಹೊರಟರು. ಕೋಶಗಳ ಅಲ್ಲಾಡುವ ಬಾಲ ಕೂಡ ಸುರುಳಿ ಬ್ಯಾಕ್ಟೀರಿಯಾದಿಂದ ಬಂದದ್ದು ಎಂದರು. ಅದಕ್ಕೆ ಪುರಾವೆ ಸಿಗಲಿಲ್ಲ. ನಿಮ್ಮ ಇಲಿಜ್ವರದ್ದೂ ಸುರುಳಿ ಬ್ಯಾಕ್ಟೀರಿಯಾವೇ, ಆದ್ದರಿಂದ ಈ ಸೋಲು ನಿಮ್ಮ ಖಾತೆಗೆ ಗೆಲುವು ಎಂದು ಬರೆದುಕೊಳ್ಳಿ.

ಗೇಣಿಯ ಲೆಕ್ಕ ಗೊತ್ತಿದ್ದರೆ ರೋಗಕ್ಕೂ ಮದ್ದು ಸಿಗುತ್ತದೆ. ಆನೆಕಾಲು ತರುವ ಹುಳದ ಒಳಗೆ ವೊಲ್ಬಾಕಿಯಾ ಎಂಬ ಬ್ಯಾಕ್ಟೀರಿಯಾ ಇದೆ. ಅದಿಲ್ಲದೆ ಆ ಹುಳ ಮರಿ ಹಾಕಲಾರದು. ಕೆಲವು ವಾರ ಡಾಕ್ಸಿಸೈಕ್ಲಿನ್ ಕೊಟ್ಟರೆ ಬ್ಯಾಕ್ಟೀರಿಯಾ ಹೋಗುತ್ತದೆ, ಹುಳ ಬಂಜೆಯಾಗುತ್ತದೆ. ಕೊಲ್ಲು ಎಂದಷ್ಟೇ ಗೊತ್ತಿದ್ದವರಿಗೆ ಇದು ಹೊಳೆಯುತ್ತಿರಲಿಲ್ಲ.

ನಾವು ಮಾತ್ರ ಎಲ್ಲದಕ್ಕೂ ಕೊಲ್ಲುವ ಮಾತೇ ಆಡುತ್ತೇವೆ. ಟಿವಿ ಹಾಕಿದರೆ ನೂರಕ್ಕೆ 99.9 ಕೀಟಾಣು ಕೊಲ್ಲುವ ಸಾಬೂನು. ಶಿಲೀಂಧ್ರ ಅಂದರೆ ಅಡಿಕೆಯ ಕೊಳೆರೋಗ ಒಂದೇ ನೆನಪು (ಅದು ನಿಜವಾದ ಶಿಲೀಂಧ್ರವೂ ಅಲ್ಲ, ಬಿಡಿ). ಅದೇ ಅಡಿಕೆ ಮರದ ಬೇರಿನ ಕೋಶಗಳಲ್ಲಿ ಮರದ ಕೊಂಬೆಯ ಹಾಗೆ ಕವಲೊಡೆದು ಕೂತು ರಂಜಕ ತಂದುಕೊಡುವ ಶಿಲೀಂಧ್ರದ ಹೆಸರು ಯಾವ ಕೃಷಿಕರ ಬಾಯಲ್ಲಿದೆ? ಟೀ ಸೊಳ್ಳೆ ಎಂಬ ಕೀಟ ಕೊಲ್ಲಬೇಕೆಂದು ನಮ್ಮ ಗೇರು ತೋಟಗಳ ಮೇಲೆ ಎರಡು ದಶಕ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸುರಿದರು. ಅದರ ಲೆಕ್ಕ ಈಗಲೂ ಕೆಲವು ಮನೆಗಳಲ್ಲಿ ಹಾಸಿಗೆಯಲ್ಲಿ ಮಲಗಿದೆ. ನಾನು ಇದರ ಬಗ್ಗೆ ಜಾಸ್ತಿ ಬರೆಯಲಾರೆ, ಕೈ ಓಡುವುದಿಲ್ಲ.

ನೆರೆಮನೆಯ ಹುಡುಗ ಕನ್ನಡ ಮಾಧ್ಯಮದಲ್ಲಿ ಎಂಟನೇ ತರಗತಿ. ಸಹಜೀವನ ಎಂದರೇನು ಎಂದು ಕೇಳಿದೆ. "ಪರಸ್ಪರ ಪ್ರಯೋಜನಕಾರಿ ಸಾಹಚರ್ಯ" ಎಂದು ಗಿಳಿಯ ಹಾಗೆ ಒಪ್ಪಿಸಿದ. ಹಾಗೆಂದರೇನು ಎಂದರೆ ಸುಮ್ನೆ ನಿಂತ. ಅವನಿಗೆ ವಿಜ್ಞಾನ ಕಲಿಸುವವರಿಗೆ ಕನ್ನಡ ಬರುವುದಿಲ್ಲವಂತೆ. ಅವರು ಮಲಯಾಳದಲ್ಲಿ ಹೇಳುತ್ತಾರೆ, ಇವನು ಅದನ್ನೇ ಕನ್ನಡ ಅಕ್ಷರದಲ್ಲಿ ಬರೆದುಕೊಳ್ಳುತ್ತಾನೆ. ಆ ಅಧ್ಯಾಪಕರ ಮೇಲೆ ನನಗೆ ಸಿಟ್ಟಿಲ್ಲ, ಕಳಿಸಿದಲ್ಲಿಗೆ ಬಂದಿದ್ದಾರೆ. ಆದರೆ ಈ ಹುಡುಗನಿಗೆ ಗೇಣಿ, ಒಕ್ಕಲು, ಚಾವಡಿ ಇಟ್ಟುಕೊಂಡು ಹತ್ತು ನಿಮಿಷದಲ್ಲಿ ಹೇಳಿದೆ, ಅರ್ಥವಾಯಿತು. ಗೇಣಿ ಎಂದರೆ ಏನೆಂದು ವಿವರಿಸಲು ಇನ್ನೊಂದು ಹತ್ತು ನಿಮಿಷ ಹೋಯಿತು ಎನ್ನುವುದೂ ನಿಜ.

ನಿಮ್ಮಂಥವರು ಮನೆಯಲ್ಲಿ ಕೂತು ನನ್ನ ತಪ್ಪು ಹುಡುಕುವ ಬದಲು ವಾರಕ್ಕೊಮ್ಮೆ ಹತ್ತಿರದ ಶಾಲೆಗೆ ಹೋಗಿ ಬರಬಾರದೇ? ಕೈ ತೊಳೆಯಲು ಹೇಳಿ, ಬೇಡ ಎನ್ನುವುದಿಲ್ಲ. ಅದಕ್ಕೆ ಮೊದಲು ಒಂದು ಅಲಸಂಡೆ ಗಿಡ ಕೀಳಿಸಿ, ಗಂಟು ಸೀಳಿಸಿ. ಒಳಗೆ ಕೆಂಪಿದ್ದರೆ ಒಕ್ಕಲು ದುಡಿಯುತ್ತಿದೆ. ಬೆಳ್ಳಗಿದ್ದರೆ ಇನ್ನೂ ಶುರುವಾಗಿಲ್ಲ, ಇಲ್ಲವೇ ಬಂದವರು ಕೆಲಸಕ್ಕೆ ಬಾರದವರು. ಹಸಿರಾಗಿದ್ದರೆ ಚೀಟಿನ ಅವಧಿ ಮುಗಿಯಿತು. ಯಾವ ಬಣ್ಣ ಕಂಡಿತೆಂದು ಬರೆಯಿರಿ, ಹಾಕುತ್ತೇನೆ. ಈ ಸಲ ಕಾಗದದ ಒಂದೇ ಮಗ್ಗುಲಲ್ಲಿ ಬರೆಯಿರಿ, ಅಚ್ಚು ಜೋಡಿಸುವವರು ನನಗೆ ಬೈಯುತ್ತಾರೆ.

ಪತ್ರದ ಕೊನೆಯಲ್ಲಿ ನಿಮ್ಮ ಚಂದಾ ಮುಗಿಯಿತೇ ಎಂದು ಕೇಳಿದ್ದೀರಿ. ಮಾರ್ಚಿನಲ್ಲೇ ಮುಗಿದಿದೆ.