ಟೊರೆಂಟ್ ಸಾಫ್ಟ್‌ವೇರ್ ಬರೆಯುವವರು ಯಾರು? ಅದನ್ನು ನಂಬಬಹುದಾ?

ಪ್ರಶ್ನೆ: ನಾನು ಬಿಸಿಎ ಎರಡನೇ ವರ್ಷದ ವಿದ್ಯಾರ್ಥಿನಿ. ಲಿನಕ್ಸ್ ಐಎಸ್‌ಒ (ಇನ್‌ಸ್ಟಾಲ್ ಮಾಡುವ ಡಿಸ್ಕ್‌ನ ಫೈಲ್) ಇಳಿಸಿಕೊಳ್ಳಲು ಕ್ಯೂಬಿಟ್‌ಟೊರೆಂಟ್ ಎಂಬ ಟೊರೆಂಟ್ ಸಾಫ್ಟ್‌ವೇರ್ (ಫೈಲನ್ನು ತುಣುಕು ತುಣುಕಾಗಿ ಬೇರೆ ಬಳಕೆದಾರರ ಕಂಪ್ಯೂಟರ್‌ಗಳಿಂದ ತರುವಂಥದ್ದು) ಬಳಸುತ್ತೇನೆ. ‘ಇದಕ್ಕೆ ಕಂಪನಿ ಅಂತ ಇಲ್ಲ, ಯಾರು ಬೇಕಾದರೂ ಕೋಡ್ ತುರುಕಬಹುದು, ಹುಷಾರು’ ಅಂತ ಗೆಳತಿ ಹೇಳುತ್ತಾಳೆ. ನಿಜವಾ? ಸಂಬಳ ಇಲ್ಲದೆ ಇದನ್ನು ಯಾರು ಬರೆಯುತ್ತಾರೆ? ಸಿ++ ಅಷ್ಟಾಗಿ ಬಾರದ ನನ್ನಂಥವರು ಕೈಜೋಡಿಸಬಹುದಾ?
– ಓದುಗರು, ಹಾಸನ

ಉತ್ತರ: ಕೋಡ್ ಬರೆದು ಯಾರು ಬೇಕಾದರೂ ಕಳಿಸಬಹುದು, ನಿಜ. ಆದರೆ ಕಳಿಸಿದ್ದೆಲ್ಲ ಒಳಗೆ ಹೋಗುವುದಿಲ್ಲ. ಕ್ಯೂಬಿಟ್‌ಟೊರೆಂಟ್‌ನ ಕೋಡ್, ಎಲ್ಲರೂ ಕೋಡ್ ಇಟ್ಟು ಹಂಚಿಕೊಳ್ಳುವ ಗಿಟ್‌ಹಬ್ ತಾಣದಲ್ಲಿದೆ. ನೀವು ಒಂದು ಬದಲಾವಣೆ ಕಳಿಸಿದರೆ ಮೊದಲು ಅದು ಲಿನಕ್ಸ್, ವಿಂಡೋಸ್, ಮ್ಯಾಕ್ ಮೂರರಲ್ಲೂ ಬಿಲ್ಡ್ ಆಗುತ್ತದಾ (ಕೋಡ್‌ನಿಂದ ಪ್ರೋಗ್ರಾಂ ತಯಾರಾಗುತ್ತದಾ) ಅಂತ ತಾನಾಗೇ ಪರೀಕ್ಷೆ ನಡೆಯುತ್ತದೆ. ಆಮೇಲೆ ಹಳಬರು ಸಾಲು ಸಾಲಾಗಿ ಓದಿ ಪ್ರಶ್ನೆ ಕೇಳುತ್ತಾರೆ. ಅದನ್ನು ಸೇರಿಸುವ ಅಧಿಕಾರ ಕೆಲವೇ ಜನರ ಕೈಯಲ್ಲಿದೆ. ಸಣ್ಣ ಬದಲಾವಣೆಗೂ ಎಷ್ಟೋ ಸಲ ವಾರಗಟ್ಟಲೆ ಚರ್ಚೆ ಆಗುತ್ತದೆ.

ಇದನ್ನು ಶುರು ಮಾಡಿದವರು ಕ್ರಿಸ್ಟೋಫ್ ಡ್ಯೂಮೆ. 2006ರಲ್ಲಿ, ಫ್ರಾನ್ಸಿನಲ್ಲಿ ವಿದ್ಯಾರ್ಥಿಯಾಗಿದ್ದಾಗ. ಕೆಲವು ವರ್ಷಗಳ ನಂತರ ಅವರು ಹಿಂದೆ ಸರಿದರು, ಬೇರೆಯವರು ಕೆಲಸ ಮುಂದುವರಿಸಿದರು. ಕೋಡನ್ನು ಯಾರು ಬೇಕಾದರೂ ಬಳಸಿ, ಬದಲಿಸಿ, ಹಂಚಲು ಬಿಡುವ ಜಿಪಿಎಲ್ ಪರವಾನಗಿ ಇರುವುದರಿಂದ ಇದು ಸಾಧ್ಯವಾಯಿತು: ಬರೆದವರು ಹೋದರೂ ಕೋಡ್ ಎಲ್ಲರ ಹತ್ತಿರ ಉಳಿಯುತ್ತದೆ. ಟೊರೆಂಟ್‌ನ ಅಸಲಿ ಕೆಲಸ, ಅಂದರೆ ಬೇರೆ ಕಂಪ್ಯೂಟರ್‌ಗಳನ್ನು ಹುಡುಕುವುದು, ತುಣುಕು ತರಿಸುವುದು, ಹ್ಯಾಶ್ (ತುಣುಕಿನ ಗುರುತಿನ ಸಂಖ್ಯೆ) ತಾಳೆ ನೋಡುವುದು, ಇವೆಲ್ಲ ನಡೆಯುವುದು ಲಿಬ್‌ಟೊರೆಂಟ್ ಎಂಬ ಲೈಬ್ರರಿಯಲ್ಲಿ, ಅಂದರೆ ಬೇರೆ ಪ್ರೋಗ್ರಾಂಗಳು ಬಳಸಿಕೊಳ್ಳುವ ಸಿದ್ಧ ಕೋಡ್‌ನಲ್ಲಿ. ಅದು ಆರ್ವಿಡ್ ನಾರ್ಬರ್ಗ್ ಅವರ ಪ್ರಾಜೆಕ್ಟ್. ಡೆಲ್ಯೂಜ್ ಎಂಬ ಇನ್ನೊಂದು ಸಾಫ್ಟ್‌ವೇರ್ ಕೂಡ ಅದನ್ನೇ ಬಳಸುತ್ತದೆ. ಹಾಗಾಗಿ ಒಂದು ಕಡೆ ಸರಿಪಡಿಸಿದ್ದು ಎರಡೂ ಕಡೆ ದಕ್ಕುತ್ತದೆ.

ದುಡ್ಡು? ದೇಣಿಗೆ ಬರುತ್ತದೆ, ಜಾಹೀರಾತು ಇಲ್ಲ. ಬರೆಯುವವರಲ್ಲಿ ಬಹಳಷ್ಟು ಜನ ತಮಗೇ ಬೇಕಾದ ಸೌಲಭ್ಯಕ್ಕೋ, ತಮ್ಮನ್ನೇ ಕಾಡಿದ ದೋಷಕ್ಕೋ ಕೈಹಚ್ಚಿದವರು.

ಕಂಪನಿ ಇದ್ದರೆ ಸುರಕ್ಷಿತ ಅನ್ನುವ ಮಾತಿಗೆ ಮ್ಯೂಟೊರೆಂಟ್ ಎಂಬ ಇನ್ನೊಂದು ಟೊರೆಂಟ್ ಸಾಫ್ಟ್‌ವೇರ್‌ನ ಕಥೆ ನೋಡಿ. 2005ರಲ್ಲಿ ಬಂದಾಗ ಅದು ಪುಟ್ಟದಾಗಿ, ಚುರುಕಾಗಿತ್ತು. ಕೋಡ್ ಮಾತ್ರ ಮುಚ್ಚಿತ್ತು. 2006ರ ಕೊನೆಗೆ ಬಿಟ್‌ಟೊರೆಂಟ್ ಕಂಪನಿ ಅದನ್ನು ಕೊಂಡುಕೊಂಡಿತು. ನಂತರ ಜಾಹೀರಾತು ಬಂತು. 2015ರಲ್ಲಿ ಅದರ ಇನ್‌ಸ್ಟಾಲರ್ ಜೊತೆಗೆ ಎಪಿಕ್ ಸ್ಕೇಲ್ ಎಂಬ ಕ್ರಿಪ್ಟೋ ಮೈನಿಂಗ್ ಪ್ರೋಗ್ರಾಂ (ಬಳಕೆದಾರರ ಕಂಪ್ಯೂಟರ್ ದುಡಿಸಿ ಡಿಜಿಟಲ್ ಹಣ ಗಳಿಸುವಂಥದ್ದು) ಬರತೊಡಗಿತು. ಕೇಳದೆಯೇ ಇನ್‌ಸ್ಟಾಲ್ ಆಯಿತೆಂದು ಬಳಕೆದಾರರು ದೂರಿದರು, ಒಪ್ಪಿಗೆ ಪಡೆದೇ ಹಾಕಿದ್ದು ಅಂತ ಕಂಪನಿ ಹೇಳಿತು. ಯಾರ ಮಾತು ಸರಿ ಅಂತ ಕೋಡ್ ತೆಗೆದು ನೋಡೋಣವೆಂದರೆ ಅದು ಮುಚ್ಚಿದೆ, ಅಲ್ವಾ?

ಹಾಗಂತ ಗೆಳತಿಯ ಭಯ ಪೂರ್ತಿ ಸುಳ್ಳಲ್ಲ. ಕ್ಯೂಬಿಟ್‌ಟೊರೆಂಟ್‌ನಲ್ಲೇ ದೊಡ್ಡದೊಂದು ತಪ್ಪು ಹದಿನಾಲ್ಕು ವರ್ಷ ಕೂತಿತ್ತು. ಯಾವುದೇ ಸರ್ವರ್‌ನಿಂದ ಫೈಲ್ ತರುವಾಗ ಆ ಸರ್ವರ್ ಅಸಲಿಯಾ ಅಂತ ಸರ್ಟಿಫಿಕೇಟ್ ನೋಡಬೇಕು. 2010ರ ಏಪ್ರಿಲ್‌ನಲ್ಲಿ ಸೇರಿದ ಒಂದು ಬದಲಾವಣೆಯಿಂದ, ಸರ್ಟಿಫಿಕೇಟ್‌ನಲ್ಲಿ ಎಂಥ ದೋಷವಿದ್ದರೂ ಪರವಾಗಿಲ್ಲ ಅಂತ ಪ್ರೋಗ್ರಾಂ ಮುಂದೆ ಹೋಗುತ್ತಿತ್ತು. ವಿಂಡೋಸ್‌ನಲ್ಲಿ ಇದು ಜಾಸ್ತಿ ಅಪಾಯ. ಅಲ್ಲಿ ಹುಡುಕಾಟದ ಸೌಲಭ್ಯಕ್ಕೆ ಪೈಥಾನ್ ಬೇಕು. ಇಲ್ಲದಿದ್ದರೆ ಪ್ರೋಗ್ರಾಮೇ ಅದರ ಇನ್‌ಸ್ಟಾಲರ್ ಇಳಿಸಿ ಓಡಿಸುತ್ತಿತ್ತು. ನಡುವೆ ಕೂತ ಕಳ್ಳನೊಬ್ಬ ಅದರ ಬದಲು ತನ್ನ ಫೈಲ್ ಕೊಟ್ಟರೂ ಗೊತ್ತಾಗುತ್ತಿರಲಿಲ್ಲ. 2024ರ ಅಕ್ಟೋಬರ್ ಕೊನೆಯಲ್ಲಿ ಬಂದ 5.0.1 ಆವೃತ್ತಿಯಲ್ಲಿ ಇದು ಸರಿಹೋಯಿತು. ನಿಮ್ಮಲ್ಲಿರುವುದು ಅದಕ್ಕಿಂತ ಹಳೆಯದಾದರೆ ಇವತ್ತೇ ಅಪ್‌ಡೇಟ್ ಮಾಡಿ.

ಆ ಕೋಡ್ ಅಷ್ಟು ವರ್ಷವೂ ಎಲ್ಲರ ಕಣ್ಣೆದುರೇ ಇತ್ತು. ಬಾಗಿಲು ತೆರೆದಿದ್ದ ಮಾತ್ರಕ್ಕೆ ಯಾರೋ ಒಳಗೆ ಬಂದು ನೋಡಿರುತ್ತಾರೆ ಅಂತ ಅಂದುಕೊಳ್ಳಬಾರದು. ಇಂಥ ಪ್ರಾಜೆಕ್ಟ್‌ಗಳಿಗೆ ಕೋಡ್ ಬರೆಯುವವರಿಗಿಂತ ಓದುವವರ, ಪರೀಕ್ಷಿಸುವವರ ಕೊರತೆಯೇ ದೊಡ್ಡದು ಅಂತ ನನಗೆ ಅನ್ನಿಸುವುದು ಇದಕ್ಕೇ.

ಕೋಡ್ ಸರಿಯಿದ್ದರೂ ಫೈಲ್ ಕೆಡಬಹುದು. 2016ರ ಮಾರ್ಚ್‌ನಲ್ಲಿ ಟ್ರಾನ್ಸ್‌ಮಿಷನ್ ಎಂಬ ಮತ್ತೊಂದು ಟೊರೆಂಟ್ ಸಾಫ್ಟ್‌ವೇರ್‌ನ ಅಧಿಕೃತ ತಾಣಕ್ಕೇ ಕಳ್ಳರು ನುಗ್ಗಿ, ಮ್ಯಾಕ್‌ನ 2.90 ಇನ್‌ಸ್ಟಾಲರ್‌ನಲ್ಲಿ ಕೀರೇಂಜರ್ ಎಂಬ ರ‍್ಯಾನ್ಸಮ್‌ವೇರ್ ಸೇರಿಸಿದ್ದರು. ಅದು ಮೂರು ದಿನ ಸುಮ್ನೆ ಇದ್ದು, ಆಮೇಲೆ ಫೈಲ್‌ಗಳಿಗೆ ಬೀಗ ಹಾಕಿ ಒಂದು ಬಿಟ್‌ಕಾಯಿನ್ ಕೇಳುತ್ತಿತ್ತು. ಲಿನಕ್ಸ್‌ನಲ್ಲಿ ನಿಮ್ಮ ಡಿಸ್ಟ್ರೋದ ಪ್ಯಾಕೇಜ್ ಮ್ಯಾನೇಜರ್‌ನಿಂದಲೇ ಹಾಕಿಕೊಳ್ಳಿ. ವಿಂಡೋಸ್ ಆದರೆ ಪ್ರಾಜೆಕ್ಟ್‌ನ ಸ್ವಂತ ತಾಣ ಬಿಟ್ಟು ಬೇರೆಲ್ಲಿಂದಲೂ ಬೇಡ. ಇಳಿಸಿದ ಮೇಲೆ ಅಲ್ಲಿ ಕೊಟ್ಟಿರುವ ಜಿಪಿಜಿ ಸಹಿ (ಫೈಲ್ ಅಸಲಿ ಅಂತ ತೋರಿಸುವ ಡಿಜಿಟಲ್ ಸಹಿ) ಪರೀಕ್ಷಿಸುವುದನ್ನು ಕಲಿತುಕೊಳ್ಳಿ.

ಇನ್ನು ಕೈಜೋಡಿಸುವುದು. ಸಿ++ ಬೇಕಾಗಿಲ್ಲ. ಅನುವಾದದ ಕೆಲಸ ಟ್ರಾನ್ಸಿಫೆಕ್ಸ್ ಎಂಬ ತಾಣದಲ್ಲಿ ನಡೆಯುತ್ತದೆ, ಅಲ್ಲಿ ಖಾತೆ ತೆರೆದರೆ ಸಾಕು. ಆದರೆ ನಾನು ನಿಮಗೆ ಹೇಳುವುದು ಪರೀಕ್ಷೆಯ ಕೆಲಸ. ಕನ್ನಡ ಬಲ್ಲವರಿಗೆ ಸಿಗುವ ದೋಷಗಳು ಯುರೋಪಿನಲ್ಲಿ ಕೂತು ಬರೆಯುವವರಿಗೆ ಸುಲಭವಾಗಿ ಸಿಗುವುದಿಲ್ಲ. ಲಿನಕ್ಸ್‌ನ ಎಕ್ಸ್ಟ್4 ಫೈಲ್ ಸಿಸ್ಟಂನಲ್ಲಿ ಒಂದು ಫೈಲ್ ಹೆಸರು 255 ಬೈಟ್ ದಾಟುವಂತಿಲ್ಲ. ಇಂಗ್ಲಿಷ್ ಅಕ್ಷರಕ್ಕೆ ಒಂದು ಬೈಟ್. ಯುಟಿಎಫ್-8ರಲ್ಲಿ (ಅಕ್ಷರಗಳನ್ನು ಬೈಟ್‌ಗಳಾಗಿ ಬರೆದಿಡುವ ಪದ್ಧತಿ) ಕನ್ನಡದ ಒಂದೊಂದು ಸಂಕೇತಕ್ಕೂ (ವ್ಯಂಜನ, ಸ್ವರ ಚಿಹ್ನೆ, ವಿರಾಮ ಚಿಹ್ನೆ ‘್’ ಒಂದೊಂದೂ ಒಂದು ಸಂಕೇತ) ಮೂರು. ‘ಸ್ತ್ರೀ’ ಅಂತ ಬರೆಯಲು ಆರು ಸಂಕೇತ ಬೇಕು, ಅಂದರೆ 18 ಬೈಟ್. 85 ಸಂಕೇತಕ್ಕೇ ಮಿತಿ ಮುಗಿಯಿತು. ನೀವೇ ಮಾಡಿದ ಕನ್ನಡ ಫೈಲ್‌ಗಳಿಂದ ಒಂದು ಟೊರೆಂಟ್ ಮಾಡಿ. ಹೆಸರು ಆ ಮಿತಿಯ ಹತ್ತಿರ ಬಂದಾಗ ಏನಾಗುತ್ತದೆ? ಪೂರ್ತಿಯಾಗದ ಫೈಲ್‌ಗೆ ಹೆಸರಿನ ಕೊನೆಗೆ ಇನ್ನೊಂದಿಷ್ಟು ಅಕ್ಷರ ಸೇರಿಸುವ ಆಯ್ಕೆ ಸೆಟ್ಟಿಂಗ್ಸ್‌ನಲ್ಲಿದೆ, ಅದನ್ನು ಆನ್ ಮಾಡಿದರೆ? ಪಟ್ಟಿಯಲ್ಲಿ ಒತ್ತಕ್ಷರ ಸರಿಯಾಗಿ ಕಾಣುತ್ತದಾ?

ಏನಾದರೂ ಎಡವಿದರೆ ಮೊದಲು ಗಿಟ್‌ಹಬ್‌ನಲ್ಲಿರುವ ಪ್ರಾಜೆಕ್ಟ್‌ನ ದೂರುಗಳಲ್ಲಿ ಅದೇ ದೂರು ಆಗಲೇ ಇದೆಯಾ ಹುಡುಕಿ. ಇಲ್ಲವೆಂದರೆ ಹೊಸದಾಗಿ ಬರೆಯಿರಿ: ಯಾವ ಆವೃತ್ತಿ, ಯಾವ ಆಪರೇಟಿಂಗ್ ಸಿಸ್ಟಂ, ಯಾವ ಲಿಬ್‌ಟೊರೆಂಟ್ (ಸಹಾಯ ಮೆನುವಿನ ‘ಅಬೌಟ್’ನಲ್ಲಿ ಸಿಗುತ್ತದೆ), ಏನು ಮಾಡಿದಿರಿ, ಏನಾಗಬೇಕಿತ್ತು, ಏನಾಯಿತು. ಬರೆಯುವುದು ಇಂಗ್ಲಿಷಿನಲ್ಲೇ. ವ್ಯಾಕರಣದ ಚಿಂತೆ ಬೇಡ, ನೀವು ಬರೆದ ಹಂತಗಳನ್ನು ಹಿಡಿದು ಇನ್ನೊಬ್ಬರು ಅದೇ ದೋಷವನ್ನು ಅವರ ಕಂಪ್ಯೂಟರ್‌ನಲ್ಲಿ ಮರುಕಳಿಸುವಂತಿದ್ದರೆ ಸಾಕು.