ಹೆಸರು ಹಿಡಿದು ಹೋಗಬೇಡಿ, ಹೊಲ ಹಿಡಿದು ಹೋಗಿ

ಮುತ್ತಜ್ಜನ ಹೆಸರೊಂದೇ ಗೊತ್ತು, ಅದನ್ನು ಕೊಟ್ಟರೆ ತಾಲ್ಲೂಕು ಕಚೇರಿಯಲ್ಲಿ ವಂಶವೃಕ್ಷ ಸಿಗುತ್ತಾ ಅಂತ ಕೇಳಿದ್ದೀರಿ. ಕೆಲವು ವರ್ಷದ ಹಿಂದೆ ನಾನೂ ಇದೇ ಪ್ರಶ್ನೆ ಇಟ್ಟುಕೊಂಡು ಬೆಂಗಳೂರಿನಿಂದ ರಾತ್ರಿ ಬಸ್ಸು ಹತ್ತಿದ್ದೆ.

ನಮ್ಮೂರು ಹರಪನಹಳ್ಳಿ ತಾಲ್ಲೂಕು. ಮುತ್ತಜ್ಜನ ಹೆಸರು ಕೊಟ್ರಪ್ಪ. ಆ ಕಡೆಯವರಾದರೆ ಇಷ್ಟು ಓದಿದ ಕೂಡಲೇ ನಗುತ್ತೀರಿ. ಕೊಟ್ಟೂರು ಬಸವೇಶ್ವರನಿಗೆ ನಡೆದುಕೊಳ್ಳುವ ಸೀಮೆ ಅದು. ಮನೆಗೊಬ್ಬ ಕೊಟ್ರಪ್ಪ, ಕೊಟ್ರೇಶಿ, ಕೊಟ್ರಮ್ಮ ಇರುತ್ತಾರೆ. ನಾನು ಬೆಂಗಳೂರಲ್ಲೇ ಬೆಳೆದವನು, ಅದೇನೋ ಅಪರೂಪದ ಹೆಸರು ಅಂದುಕೊಂಡಿದ್ದೆ!

ಹೆಸರು ಕೊಟ್ಟು ಹಳೇ ಮ್ಯುಟೇಶನ್ ರಿಜಿಸ್ಟರ್, ಅಂದರೆ ಜಮೀನು ಒಬ್ಬರ ಹೆಸರಿಂದ ಇನ್ನೊಬ್ಬರ ಹೆಸರಿಗೆ ಹೋದದ್ದನ್ನು ಬರೆದಿಡುವ ಪುಸ್ತಕ, ಹುಡುಕಿಸಿದೆ. ಒಬ್ಬ ಕೊಟ್ರಪ್ಪ ಸಿಕ್ಕಿದ. ಅವನು ತೀರಿಕೊಂಡ ಮೇಲೆ ಮೂವರು ಮಕ್ಕಳ ಹೆಸರಿಗೆ ಪೌತಿ ಖಾತೆ ಆಗಿತ್ತು. ಅದರಲ್ಲೊಬ್ಬ ಬಸಪ್ಪ. ನಮ್ಮಜ್ಜನೂ ಬಸಪ್ಪ. ಇನ್ನೇನು ಬೇಕು? ಆ ಕೊಟ್ರಪ್ಪನ ಹಿಂದೆ ಬಿದ್ದು ಒಂದೂವರೆ ವರ್ಷ ಕಳೆದೆ. ರಜೆ ಹಾಕಿ ಹಾಕಿ ಎಂಟು ಸಲ ಹೋದೆ. ಕೊನೆಗೆ ಅವನಪ್ಪ, ಅವನಜ್ಜ ಎಲ್ಲರನ್ನೂ ಸೇರಿಸಿ ದೊಡ್ಡ ಚಾರ್ಟ್ ಮಾಡಿ, ಲ್ಯಾಮಿನೇಶನ್ ಹೊಡೆಸಿ, ತಮ್ಮನ ಗೃಹಪ್ರವೇಶದಲ್ಲಿ ಗೋಡೆಗೆ ತೂಗುಹಾಕಿದೆ.

ನಮ್ಮ ಸೋದರತ್ತೆ ಕನ್ನಡಕ ಏರಿಸಿಕೊಂಡು ಓದಿದರು. ಕೆಳಗೆ ಶೋಕಿಗೆ ‘ಎರೆ ಭೂಮಿ, 6 ಎಕರೆ’ ಅಂತ, ಅಂದರೆ ಕಪ್ಪು ಮಣ್ಣಿನ ಹೊಲ ಅಂತ, ಬರೆಸಿದ್ದೆ. ಅದರ ಮೇಲೆ ಬೆರಳಿಟ್ಟು ಅಂದರು: ‘ಏ ತಮ್ಮಾ, ನಮ್ಮದು ಹಳ್ಳದ ದಂಡಿ ಮಸಾರಿ ಹೊಲ. ನಮಗೆ ಎರಿ ಹೊಲ ಯಾವಾಗಿತ್ತೋ? ಇದು ಗೌಡ್ರ ಕೊಟ್ರಪ್ಪಂದು.’

ನಾನು ಬೇರೆಯವರ ಮುತ್ತಜ್ಜನನ್ನು ಗೋಡೆಗೆ ಹಾಕಿದ್ದೆ.

ತಪ್ಪು ಎಲ್ಲಾಯಿತು ಅನ್ನೋದನ್ನು ಬಿಡಿಸಿ ಹೇಳ್ತೀನಿ, ಯಾಕಂದ್ರೆ ನೀವೂ ಅದೇ ದಾರಿಯಲ್ಲಿದ್ದೀರಿ. ಕಂದಾಯ ಇಲಾಖೆ ದಾಖಲೆ ಇಟ್ಟಿದ್ದು ಮನುಷ್ಯರದ್ದಲ್ಲ, ಜಮೀನಿನದು. ಅಲ್ಲಿ ಮನುಷ್ಯ ಬಂದು ಹೋಗುತ್ತಾನೆ, ಸರ್ವೆ ನಂಬರ್ ಉಳಿಯುತ್ತದೆ. ಪಹಣಿ, ಅಂದರೆ ಹೊಲದ ಹಕ್ಕಿನ ದಾಖಲೆ, ತೆಗೆದು ನೋಡಿ. 9ನೇ ಕಾಲಂನಲ್ಲಿ ಮಾಲೀಕನ ಹೆಸರು, 10ನೇ ಕಾಲಂನಲ್ಲಿ ಜಮೀನು ಅವನಿಗೆ ಹೇಗೆ ಬಂತು ಅಂತ ಎಂ.ಆರ್. ನಂಬರ್. ಆ ನಂಬರ್ ಹಿಡಿದು ಮ್ಯುಟೇಶನ್ ರಿಜಿಸ್ಟರ್‌ಗೆ ಹೋದರೆ ಪೌತಿಯೋ, ಕ್ರಯವೋ, ವಿಭಾಗವೋ ಗೊತ್ತಾಗುತ್ತದೆ. ಪೌತಿ ಅಂದರೆ ಸತ್ತವರ ಹೆಸರಿಂದ ವಾರಸುದಾರರ ಹೆಸರಿಗೆ. ಒಂದು ಪೌತಿ ಸಿಕ್ಕರೆ ಒಂದು ತಲೆಮಾರು ಸಿಕ್ಕಿತು. ಹೆಸರಿಂದ ಶುರು ಮಾಡಿದರೆ ಊರಿನ ಕೊಟ್ರಪ್ಪಗಳೆಲ್ಲ ಎದ್ದು ಬರುತ್ತಾರೆ. ಸರ್ವೆ ನಂಬರಿಂದ ಶುರು ಮಾಡಿದರೆ ನಿಮ್ಮವನೊಬ್ಬನೇ ಬರುತ್ತಾನೆ.

ಆ ನಂಬರ್ ಎಲ್ಲಿತ್ತು ಗೊತ್ತಾ? ಅತ್ತೆಯ ಟ್ರಂಕಿನಲ್ಲಿ, ಹಳೇ ಕಂದಾಯ ರಸೀದಿಯ ಮೇಲೆ. ಒಂದೂವರೆ ವರ್ಷದಲ್ಲಿ ಅವರನ್ನು ಒಂದು ಮಾತು ಕೇಳಿರಲಿಲ್ಲ. ಓದುಬರಹ ಅಷ್ಟಕ್ಕಷ್ಟೇ, ಅವರಿಗೇನು ಗೊತ್ತಿರುತ್ತೆ ಅನ್ನೋ ಸೊಕ್ಕು, ಬೇರೇನಲ್ಲ.

ನೀವು ಕೇಳುವ ವಂಶವೃಕ್ಷ ಪ್ರಮಾಣಪತ್ರ ನಾಡಕಚೇರಿಯಲ್ಲಿ ಸಿಗುತ್ತದೆ, ನಿಜ. ಆದರೆ ಅದು ನೀವೇ ಅಫಿಡವಿಟ್‌ನಲ್ಲಿ ಬರೆದುಕೊಟ್ಟಿದ್ದನ್ನು ವಿಚಾರಿಸಿ ಮೊಹರು ಹಾಕಿ ಕೊಡುವುದು. ಗೊತ್ತಿಲ್ಲದ ಮುತ್ತಜ್ಜನನ್ನು ಅದು ಹುಡುಕಿಕೊಡಲ್ಲ. ಖಾತೆ ಬದಲಾವಣೆಗೆ ಬೇಕಾದರೆ ಮಾಡಿಸಿ, ಇದಕ್ಕೆ ಸುಮ್ನೆ ದಂಡ. ಮನೆಯಲ್ಲೇ ಕೂತು ಆನ್‌ಲೈನ್‌ನಲ್ಲಿ ಎಲ್ಲ ಮುಗಿಸುವ ಆಸೆಯನ್ನೂ ಬಿಡಿ. ಹಳೇ ಕೈಬರಹದ ಪಹಣಿ ಬೇಕಾದರೆ ತಾಲ್ಲೂಕಿನ ರೆಕಾರ್ಡ್ ರೂಮಿಗೇ ಅರ್ಜಿ ಕೊಡಬೇಕಾಗಿ ಬರಬಹುದು. ಈಗ ಭೂ ಸುರಕ್ಷಾ ಅಂತ ಹಳೇ ಕಡತಗಳನ್ನು ಸ್ಕ್ಯಾನ್ ಮಾಡುತ್ತಿದ್ದಾರೆ, ನಿಮ್ಮ ತಾಲ್ಲೂಕಿನದು ಆಗಿದೆಯಾ ಕೇಳಿ.

ಹೋಗುವ ಮುಂಚೆ ನಿಮ್ಮೂರು ಯಾವ ಕಾಲದಲ್ಲಿ ಯಾರ ಕೈಲಿತ್ತು ಅಂತಲೂ ತಿಳಿದುಕೊಳ್ಳಿ. ಹರಪನಹಳ್ಳಿ 1953ರವರೆಗೆ ಮದ್ರಾಸಿನ ಬಳ್ಳಾರಿ ಜಿಲ್ಲೆ, 1997ರಲ್ಲಿ ದಾವಣಗೆರೆ, 2018ರಲ್ಲಿ ಮತ್ತೆ ಬಳ್ಳಾರಿ, 2021ರಿಂದ ವಿಜಯನಗರ. ಊರು ಇದ್ದಲ್ಲೇ ಇದೆ! ಮದ್ರಾಸ್ ಕಾಲದ್ದನ್ನು ಪಹಣಿ ಅಂತ ಕೇಳಿದರೆ ಸಿಗಲ್ಲ, ಅಡಂಗಲ್, ಪಟ್ಟಾ ಅನ್ನಬೇಕು. ನನಗೆ ಸಿಕ್ಕ ಒಂದು ಹಾಳೆ ತೆಲುಗಿನಲ್ಲಿತ್ತು, ಗೆಳೆಯನ ಕೈಲಿ ಓದಿಸಿದೆ.

ಸಬ್ ರಿಜಿಸ್ಟ್ರಾರ್ ಕಚೇರಿಯ ಹಳೇ ವಿಭಾಗ ಪತ್ರಗಳನ್ನು, ಅಂದರೆ ಆಸ್ತಿ ಪಾಲು ಮಾಡಿಕೊಂಡ ಪತ್ರಗಳನ್ನು, ಮಾತ್ರ ಬಿಡಬೇಡಿ. ನನ್ನ ಪ್ರಕಾರ ಪಹಣಿಗಿಂತ ಅವೇ ಜಾಸ್ತಿ ಮಾತಾಡುತ್ತವೆ. ಚಕ್ಕುಬಂದಿಯಲ್ಲಿ, ಅಂದರೆ ನಾಲ್ಕು ದಿಕ್ಕಿನ ಗಡಿ ಬರೆಯುವ ಕಡೆ, ಅಕ್ಕಪಕ್ಕದ ಹೊಲದವರ ಹೆಸರಿರುತ್ತದೆ. ನಮ್ಮದರಲ್ಲಿ ‘ಪೂರ್ವಕ್ಕೆ ಹಳ್ಳ’ ಅಂತಿತ್ತು, ಅತ್ತೆ ಹೇಳಿದ ಅದೇ ಹಳ್ಳ. ಕೆಳಗೆ ಮೈನರ್ ಬಸಪ್ಪನ ಪರವಾಗಿ ಪಾಲಕಳು, ತಾಯಿ ಹಾಲಮ್ಮ ಅಂತ ಬರೆದು ಪಕ್ಕದಲ್ಲಿ ಹೆಬ್ಬೆಟ್ಟು ಒತ್ತಿಸಿದ್ದರು. ಮುತ್ತಜ್ಜಿಗೆ ಹೆಸರೊಂದಿತ್ತು ಅಂತ ಮನೆಯಲ್ಲಿ ನಮ್ಮ ತಲೆಮಾರಿನವರಿಗೆ ಗೊತ್ತಾಗಿದ್ದೇ ಆವತ್ತು. ಅತ್ತೆಗೆ ಫೋನ್ ಮಾಡಿ ಹೇಳಿದರೆ, ‘ಹೌದು, ಹಾಲಮ್ಮ. ನೀ ಕೇಳಿದ್ದಿ ಏನು?’ ಅಂದರು.