ಬಟಾಟೆ ಮೊದಲು ಬೇಯಬೇಕು

ತಮ್ಮಾ,

ಅಕ್ಕಾ ಅಂತ ಕರೆದಿದ್ದೀಯ, ಅದಕ್ಕೇ ಏಕವಚನದಲ್ಲಿ ಬರೆಯುತ್ತಿದ್ದೇನೆ. ಲಿಸ್ಬನ್‌ಗೆ ಬಂದು ಎರಡು ತಿಂಗಳಾಯಿತು, ಮೀನು ಹುರಿದರೆ ವಾಸನೆ ಅಂತ ಮನೆ ಓನರ್ ಗದರಿದರು, ನಮ್ಮ ಮಸಾಲೆ ಹಾಕಿ ಓವನ್‌ನಲ್ಲಿ ಮೀನು ಮಾಡಲು ಬರುತ್ತದಾ ಅಂತ ಕೇಳಿದ್ದೀಯ. ಜೊತೆಗೆ ಕಾಗದಪತ್ರ, ಬಾಡಿಗೆ, ಭಾಷೆಯ ಪ್ರಶ್ನೆಗಳು.

ಕಾಗದಪತ್ರಕ್ಕೆ ನಾನು ಸರಿಯಾದವಳಲ್ಲ. ನಾನು ಬಂದದ್ದು 2009ರಲ್ಲಿ. ಆಗ ನಾನು ಸಾಲು ನಿಂತ ವಲಸಿಗರ ಕಚೇರಿಯೇ ಈಗ ಇಲ್ಲ, 2023ರಿಂದ ಆಯ್ಮಾ ಅಂತ ಹೊಸದು ಬಂದಿದೆ. ತೆರಿಗೆಯ ನಿಫ್ ನಂಬರ್ ಮಾಡಿಸಿಕೊಂಡೆ ತಾನೆ? ಬಾಡಿಗೆ ಊರೊಳಗೆ ಕೈಗೆಟುಕದು, ಓದಿವೇಲಾಶ್, ಅಮಾದೋರಾ ಕಡೆ ನೋಡು. ಭಾಷೆಯನ್ನು ಮೀನಿನ ಅಂಗಡಿಯಲ್ಲಿ ಕಲಿ. ನಾನು ಕಲಿತದ್ದು ಅಲ್ಲೇ.

ಈಗ ಮೀನು. ನೀನು ಮಲ್ಪೆಯವನು, ನಾನು ಅಂಕೋಲೆಯವಳು. ನಿನ್ನ ಬಂಗುಡೆ ನನಗೆ ಬಂಗಡೆ, ಇಲ್ಲಿ ಅದರ ದಾಯಾದಿಗೆ ಕವಾಲಾ ಅನ್ನುತ್ತಾರೆ. ಓವನ್‌ಗೆ ಮಾತ್ರ ದೋರಾದ ತೆಗೆದುಕೋ, ಎರಡು ಕಣ್ಣಿನ ನಡುವೆ ಬಂಗಾರದ ಪಟ್ಟಿ ಇರುತ್ತದೆ ನೋಡು, ಅದು. ಮುಕ್ಕಾಲು ಕಿಲೋದ ಒಂದು ಮೀನು ಇಬ್ಬರಿಗೆ ಸಾಕು. ಸೋಮವಾರ ಕೊಳ್ಳಬೇಡ, ಭಾನುವಾರ ಹೆಚ್ಚಿನ ದೋಣಿಗಳು ಕಡಲಿಗೆ ಇಳಿಯುವುದಿಲ್ಲ. ಕಿವಿರು ಎತ್ತಿ ನೋಡುವುದನ್ನು ನಿನಗೆ ಹೇಳಿಕೊಡಬೇಕಿಲ್ಲ.

ಮಸಾಲೆ ನಮ್ಮ ರೆಶಾದ್. ಆ ಪದವೇ ಈ ಪೋರ್ಚುಗೀಸರದು, ‘ತುಂಬಿದ್ದು’ ಅಂತ ಅರ್ಥ. ಮೆಣಸಿನಕಾಯಿ ನಮ್ಮ ಕರಾವಳಿಗೆ ಬಂದದ್ದೂ ಇವರ ಹಡಗಿನಲ್ಲಿ. ಆದರೆ ಅದನ್ನು ಹೀಗೆ ಅರೆದು ಮೀನಿನ ಹೊಟ್ಟೆಗೆ ತುಂಬಿದ ರುಚಿ ನಮ್ಮ ಕಡೆಯದು, ಅದನ್ನು ಯಾರೆದುರೂ ಗಟ್ಟಿಯಾಗಿ ಹೇಳುತ್ತೇನೆ. ಹತ್ತು ಬ್ಯಾಡಗಿ, ಆರು ಎಸಳು ಬೆಳ್ಳುಳ್ಳಿ, ಹತ್ತು ಕಾಳುಮೆಣಸು, ಅರ್ಧ ಚಮಚ ಜೀರಿಗೆ, ಎರಡು ಲವಂಗ, ಚೂರು ಚಕ್ಕೆ, ಅರಿಶಿನ, ನೆಲ್ಲಿಕಾಯಿಯಷ್ಟು ಹುಣಸೆ. ನೀರು ಮುಟ್ಟಿಸದೆ ವಿನೆಗರ್‌ನಲ್ಲೇ ಅರೆ, ನೀರಾದರೆ ಮಸಾಲೆ ಮೀನಿಗೆ ಹಿಡಿಯದೆ ಜಾರುತ್ತದೆ. ಬ್ಯಾಡಗಿ ಮಾರ್ತಿಂ ಮೊನೀಜ್ ಚೌಕದ ಅಂಗಡಿಗಳಲ್ಲಿ ಹುಡುಕು. ತೆಂಗಿನಕಾಯಿ ಬೇಡ. ಆಸೆಪಟ್ಟು ಒಮ್ಮೆ ಹಾಕಿದ್ದೆ, ಮೀನು ಬೇಯುವ ಮೊದಲೇ ಕಾಯಿ ಕರಕಲಾಯಿತು.

ತಟ್ಟೆಯ ತಳಕ್ಕೆ ಇವರ ಪದ್ಧತಿ: ಬಟಾಟೆ ಬಿಲ್ಲೆ, ಈರುಳ್ಳಿ, ಟೊಮೆಟೊ, ಒಂದು ಪಲಾವ್ ಎಲೆ, ಮೇಲೆ ಕೈಬಿಚ್ಚಿ ಆಲಿವ್ ಎಣ್ಣೆ. (ಇವರೂ ಬಟಾಟ ಅಂತಲೇ ಅನ್ನುವುದು. ಮೊದಲ ವಾರ ಅದನ್ನು ಕೇಳಿ ಅಂಗಡಿಯಲ್ಲೇ ಕಣ್ಣು ತುಂಬಿತ್ತು.) ಬಟಾಟೆಯನ್ನು ಉಪ್ಪು ನೀರಲ್ಲಿ ಮುಕ್ಕಾಲು ಬೇಯಿಸಿಕೊಂಡೇ ಜೋಡಿಸು. ಹಸಿಯಾಗಿ ಇಟ್ಟರೆ ಹುಣಸೆ, ವಿನೆಗರ್‌ನ ಹುಳಿ ತಾಗಿ ಎಷ್ಟು ಹೊತ್ತಾದರೂ ಗಟ್ಟಿಯಾಗೇ ಉಳಿಯುತ್ತದೆ, ಅಷ್ಟರಲ್ಲಿ ಮೀನು ಒಣಗಿ ಹೋಗುತ್ತದೆ. ಮೀನಿಗೆ ಮುಳ್ಳು ಮುಟ್ಟುವಂತೆ ಗೀರು ಹಾಕಿ, ಉಪ್ಪು ಸವರಿ ಇಪ್ಪತ್ತು ನಿಮಿಷ ಬಿಡು, ನೀರು ಒರೆಸಿ ಮಸಾಲೆ ತುಂಬು. 200 ಡಿಗ್ರಿಯಲ್ಲಿ 25ರಿಂದ 30 ನಿಮಿಷ. ಮೇಲಿನ ಗ್ರಿಲ್ ಹಾಕಬೇಡ, ಬೆಳ್ಳುಳ್ಳಿ ಸುಟ್ಟು ಕಹಿಯಾಗುತ್ತದೆ.

ಈ ತಳ ಜೋಡಿಸುವುದನ್ನು ಕಲಿಸಿದವರು ನನ್ನ ಕೆಳಗಿನ ಮನೆಯ ಅಜ್ಜಿ. ಅವರ ವಿಷಯ ಹೇಳದೆ ಮುಗಿಸಲಾರೆ.

ನನ್ನ ಮೊದಲ ಬಾಡಿಗೆ ಮನೆ ಬಿಡಿಸಿದ್ದೂ ಮೀನಿನ ವಾಸನೆಯೇ. ಎರಡನೇ ಮನೆಯಲ್ಲಿ ಒಂದು ಸಂಜೆ ಕಿಟಕಿಗಳನ್ನೆಲ್ಲ ಮುಚ್ಚಿ, ಬಾಗಿಲ ಸಂದಿಗೆ ಟವೆಲ್ ತುರುಕಿ ಬಂಗಡೆ ಹುರಿಯುತ್ತಿದ್ದೆ. ಯಾರೋ ಬಾಗಿಲು ಬಡಿದರು. ಒಲೆ ಆರಿಸಿ ಉಸಿರು ಬಿಗಿಹಿಡಿದು ನಿಂತೆ. ಮತ್ತೊಮ್ಮೆ ಬಡಿದರು. ಆಮೇಲೆ ಚಪ್ಪಲಿಯ ಸದ್ದು ಮೆಟ್ಟಿಲಿಳಿದು ಹೋಯಿತು. ಅದಾದ ಮೇಲೆ ಏಳು ತಿಂಗಳು ಆ ಮನೆಯಲ್ಲಿ ಮೀನು ತರಲಿಲ್ಲ.

ಜೂನ್‌ನಲ್ಲಿ ಸಂತ ಆಂಟನಿಯ ಹಬ್ಬ ಬಂತು. 12ರ ರಾತ್ರಿ ಬೀದಿಯುದ್ದಕ್ಕೂ ಕೆಂಡದ ಮೇಲೆ ತಾರ್ಲೆ, ಅಂದರೆ ನಿಮ್ಮ ಬೂತಾಯಿ. ಒಣಹಾಕಿದ ಬಟ್ಟೆಗೆಲ್ಲ ಹೊಗೆ. ಅಜ್ಜಿ ಕೈಸನ್ನೆ ಮಾಡಿ ಕರೆದು, ಬ್ರೆಡ್ಡಿನ ಮೇಲೆ ಒಂದು ಮೀನಿಟ್ಟು ಕೊಟ್ಟರು. ಆಗಲೇ ಅಂದರು: ಅವತ್ತು ಬಂದದ್ದು ನಾನು, ಪರಿಮಳ ಬಂತು, ಯಾವ ಮೀನು ಅಂತ ಕೇಳೋಣ ಅಂತಿದ್ದೆ.

ಮುಂದೆ ಅವರ ಅಡುಗೆಮನೆಯಲ್ಲಿ ಎಷ್ಟೋ ಭಾನುವಾರ ಕೂತು ಉಂಡೆ. ನನ್ನ ಮಸಾಲೆ ಮಾತ್ರ ಅವರಿಗೆ ಕೊಡಲಿಲ್ಲ. ಇವರಿಗೆ ಖಾರ ಆಗದು ಅಂತ ನಾನೇ ತೀರ್ಮಾನ ಮಾಡಿಕೊಂಡೆ, ಒಂದು ಮಾತು ಕೇಳಲಿಲ್ಲ. ರೆಶಾದ್ ತುಂಬಿ ಅವರ ಬಟಾಟೆಯ ಮೇಲಿಟ್ಟು ಮೊದಲ ಸಲ ಮಾಡಿದ ದಿನ ತಟ್ಟೆ ಹಿಡಿದು ಕೆಳಗಿಳಿದೆ. ಅವರು ಆಸ್ಪತ್ರೆಗೆ ಸೇರಿ ನಾಲ್ಕು ದಿನವಾಗಿತ್ತು. ಮನೆಗೆ ತಿರುಗಿ ಬರಲಿಲ್ಲ. ಈಗಲೂ ಆ ಬಾಗಿಲು ದಾಟುವಾಗ ಕೈ ಖಾಲಿ ಅನಿಸುತ್ತದೆ ತಮ್ಮಾ.

ನಿನ್ನ ಓನರ್ ಎಂಥವರೋ ಕಾಣೆ. ಹುರಿದಾಗಿನಷ್ಟು ವಾಸನೆ ಓವನ್‌ನಲ್ಲಿ ಏಳುವುದಿಲ್ಲ, ಕಿಟಕಿ ತೆರೆದೇ ಮಾಡು. ಒಂದು ತುಂಡು ಅವರಿಗೂ ತೆಗೆದಿಡು, ಖಾರ ತಿನ್ನುತ್ತೀರಾ ಅಂತ ಕೇಳಿಯೇ ಕೊಡು. ತಳದಲ್ಲಿ ಮಸಾಲೆ ಎಣ್ಣೆ ಹೀರಿದ ಬಟಾಟೆ ಉಳಿದರೆ ಬಿಸಾಡಬೇಡ, ಮರುದಿನ ಗಂಜಿಗೆ ನೆಂಚಿಕೊಳ್ಳಲು ಮೀನಿಗಿಂತ ಅದೇ ರುಚಿ.